ಚೊಚ್ಚಲ ಮಕ್ಕಳೆಲ್ಲ ಪರದೇಶಿಗಳು

ಈಗಿನ ಹುಡುಗರು ವೇದಿಕೆ ಹತ್ತಿ, ಪ್ರಜೆಯ ಹಕ್ಕು, ಪ್ರಜೆಯ ಕರ್ತವ್ಯ ಎಂದು ಒಂದೇ ಉಸಿರಿನಲ್ಲಿ ಹೇಳುವುದನ್ನು ಕೇಳಿದಾಗ ನನಗೆ ನಗು ಬರುತ್ತದೆ. ಎರಡೂ ಅವಳಿ ಮಕ್ಕಳಂತೆ ಕೂಡಿಯೇ ಹುಟ್ಟುತ್ತವೆ ಎಂದು ಇವರಿಗೆ ಯಾವ ಪುಣ್ಯಾತ್ಮ ಹೇಳಿಕೊಟ್ಟನೋ! ನಾನು ನಿಜಾಮರ ಕಾಲದಲ್ಲಿ ಭಾಲ್ಕಿಯಲ್ಲಿ ಸಂಸಾರ ಮಾಡಿದವಳು. ನಾನು ಕಂಡಂತೆ ಕರ್ತವ್ಯ ಎಂಬುದು ತಾನಾಗಿಯೇ ಬಾಗಿಲಿಗೆ ಬರುತ್ತಿತ್ತು, ಕೂಗಿ ಕರೆಯುತ್ತಿತ್ತು, ಹೊರಗೆ ಬರದಿದ್ದರೆ ರಟ್ಟೆ ಹಿಡಿದು ಎಳೆದೊಯ್ಯುತ್ತಿತ್ತು. ಹಕ್ಕನ್ನು ಮಾತ್ರ ನಾವೇ ಬುತ್ತಿ ಕಟ್ಟಿಕೊಂಡು ಬೀದರದ ತನಕ ಹುಡುಕಿಕೊಂಡು ಹೋಗಬೇಕಿತ್ತು. ಹೋದರೆ ಸಿಗುತ್ತಿತ್ತೇ ಎಂದು ಕೇಳಬೇಡಿ.

ನಮ್ಮ ಮನೆಗೆ ಕರ್ತವ್ಯ ಬರುತ್ತಿದ್ದದ್ದು ತಳವಾರನ ರೂಪದಲ್ಲಿ. ಯಾವನೋ ಒಬ್ಬ ಸಾಹೇಬ ದೌರೆಗೆ, ಅಂದರೆ ಊರೂರು ತಿರುಗಿ ತಪಾಸಣೆ ಮಾಡಲು, ಹೊರಟನೆಂದರೆ ಮುಗಿಯಿತು. ಅವನ ಡೇರೆ, ಡೇರೆಯ ಗೂಟ, ಹಾಸಿಗೆ, ಅಡಿಗೆಯ ಹಂಡೆ, ಕೊನೆಗೆ ಅವನ ಹುಕ್ಕಾ ಕೂಡ ಒಂದೂರಿನಿಂದ ಇನ್ನೊಂದೂರಿಗೆ ನಮ್ಮಂಥವರ ಗಾಡಿಯಲ್ಲೇ ಸಾಗಬೇಕು. ಕೂಲಿ ಇಲ್ಲ, ಬಾಡಿಗೆ ಇಲ್ಲ. ಇದಕ್ಕೆ ಬೇಗಾರ ಎಂದು ಹೆಸರು. ಕುರುಬರ ಓಣಿಯಿಂದ ಕುರಿ, ಎಮ್ಮೆ ಇದ್ದವರ ಮನೆಯಿಂದ ಹಾಲು, ನಮ್ಮಂಥ ಒಕ್ಕಲಿನ ಮನೆಯಿಂದ ಗಾಡಿ. "ಅವ್ವಾರ, ದೌರಾ ಬಂದದರಿ, ಗಾಡಿ ಹೂಡಸ್ರಿ" ಎಂದು ತಳವಾರ ಕೂಗಿದನೆಂದರೆ ಬಿತ್ತನೆ ನಡೆದಿರಲಿ, ಕಣದಲ್ಲಿ ಜೋಳದ ರಾಶಿ ಬಿದ್ದಿರಲಿ, ಎಲ್ಲ ಬಿಟ್ಟು ಏಳಬೇಕು. ಮಾವ ತೀರಿಕೊಂಡಾಗ ನನ್ನ ಗಂಡನಿಗೆ ಇನ್ನೂ ಮೀಸೆ ಮೂಡಿರಲಿಲ್ಲ. ಆಗಿನಿಂದ ಆತ ಈ ಬೇಗಾರದ ಗಾಡಿ ಹೊಡೆದವನು. ಅಷ್ಟು ವರ್ಷಗಳಲ್ಲಿ ಒಬ್ಬ ಸಾಹೇಬನಾದರೂ ಸಾಮಾನು ಹೇರಿಸುವ ಮುಂಚೆ, ತಮ್ಮಾ, ನೀನು ಹುಟ್ಟಿದ ಊರು ಯಾವುದು ಎಂದು ಕೇಳಿದ್ದಿಲ್ಲ.

ನನ್ನ ಗಂಡ ಬರೀ ಗಾಡಿ ಹೊಡೆಯುವ ಜೀವವಲ್ಲ. ಮಾವ ಇದ್ದಾಗಲೇ ಬೀದರದಲ್ಲಿ ಉಳಿದು ಉರ್ದು ಕಲಿತು ಪರೀಕ್ಷೆ ಪಾಸು ಮಾಡಿದ್ದ. ಕನ್ನಡವಂತೂ ಮನೆಯದೇ. ಸಂಜೆ ಹೊಲದಿಂದ ಬಂದು ಕಾಲು ತೊಳೆದನೆಂದರೆ ಓಣಿಯ ಹುಡುಗರೆಲ್ಲ ನಮ್ಮ ಕಟ್ಟೆಯ ಮೇಲೆ. ನೆಲದ ಮೇಲೆ ಮರಳು ಹರವಿ ಅಕ್ಷರ ತಿದ್ದಿಸುತ್ತಿದ್ದ. ಎಂಥ ದಡ್ಡ ಮಗುವಿಗೂ ಒಂದು ಸಲ ಗದರಿದ್ದನ್ನು ನಾನು ಕೇಳಿಲ್ಲ. ಗದರಬೇಕಾದವರಿಗೂ ಗದರುತ್ತಿರಲಿಲ್ಲ ಎಂಬುದೇ ನನ್ನ ತಕರಾರು. ಆತನ ಬಾಯಿಗೆ ಬರದ ಬೈಗುಳವೆಲ್ಲ ನನ್ನ ಬಾಯಿಗೆ ಬಂದು ಸೇರಿದವು.

ನನ್ನ ಮದುವೆಯಾದ ಮರುವರ್ಷ ಔರಾದದ ಸರಕಾರಿ ಶಾಲೆಗೆ ಒಬ್ಬ ಮಾಸ್ತರ ಬೇಕಾಗಿತ್ತು. ಉರ್ದು ಬರಬೇಕು, ಚಿಕ್ಕ ಮಕ್ಕಳಿಗೆ ಕನ್ನಡದಲ್ಲಿ ಹೇಳಿಕೊಡಲೂ ಬರಬೇಕು. ಅಂಥವನು ಆ ಕಡೆ ಇನ್ನೊಬ್ಬ ಇರಲಿಲ್ಲ. ಶಾಲೆಗಳನ್ನು ನೋಡುವ ಸಾಹೇಬರು ಬಾಯಲ್ಲೇ ಹೂಂ ಅಂದಿದ್ದರು. ನಮ್ಮ ಅತ್ತೆ ಓಣಿಗೆಲ್ಲ ಸಕ್ಕರೆ ಹಂಚಿ ಬಂದಳು. ಉಳಿದದ್ದು ಒಂದೇ. ಬೀದರದ ಕಚೇರಿಯಿಂದ ಮುಲ್ಕಿ ಎಂಬ ಸರ್ಟಿಫಿಕೇಟು ತರಬೇಕಿತ್ತು.

ಮುಲ್ಕಿ ಎಂದರೆ ಈ ಮುಲ್ಕಿನವನು, ಈ ರಾಜ್ಯದ ಪ್ರಜೆ. ಹೊರಗಿನವನು ಗೈರ್‌ಮುಲ್ಕಿ. ಸರಕಾರಿ ನೌಕರಿ ಮುಲ್ಕಿಗಳಿಗೇ ಸಿಗಬೇಕು ಎಂದು ಕಾನೂನು ಮಾಡಿದ್ದರು. ಕಾನೂನು ತಪ್ಪೆಂದು ನಾನು ಹೇಳುವುದಿಲ್ಲ. ಎಲ್ಲಿಂದಲೋ ಬಂದವರು ಮೊದಲ ಪಂಕ್ತಿಯಲ್ಲಿ ಉಂಡು ಎದ್ದ ಮೇಲೆ ನಮ್ಮವರಿಗೆ ಎಲೆ ಹಾಕುತ್ತಿದ್ದ ಕಾಲ ಅದು. ಆದರೆ ದೇವರು ವರ ಕೊಟ್ಟರೂ ಪೂಜಾರಿ ಕೊಡಬೇಕಲ್ಲ. ಬೀದರದ ಕಚೇರಿಯ ಪೂಜಾರಿ ಒಬ್ಬ ಪೇಶ್ಕಾರ. ಸಾಹೇಬರ ಮುಂದೆ ಕಾಗದ ಇಡುವ ಗುಮಾಸ್ತ ಅಷ್ಟೆ, ಆದರೆ ಕಾಗದ ಮೇಲೆ ಹೋಗುವುದೂ ಅವನಿಂದಲೇ, ಹೋಗದಿರುವುದೂ ಅವನಿಂದಲೇ. ಅವನ ಬಗ್ಗೆ ಒಂದಾದರೂ ಒಳ್ಳೆಯ ಮಾತು ಬರೆಯೋಣವೆಂದು ಇಷ್ಟು ವರ್ಷ ಹುಡುಕಿದ್ದೇನೆ. ಸಿಕ್ಕಿಲ್ಲ.

ಆ ದಿನ ನಾನೂ ಗಾಡಿಯಲ್ಲಿ ಹೋಗಿದ್ದೆ, ಬೀದರ ನೋಡಿದಂತಾಗುತ್ತದೆ ಎಂದು. ನೋಡಿದ್ದು ಕಚೇರಿಯ ಹಿತ್ತಲಿನ ಬೇವಿನ ಮರವನ್ನು ಮಾತ್ರ. ಗಾಡಿ ಅದರ ನೆರಳಿಗೆ ನಿಂತಿತ್ತು, ಪೇಶ್ಕಾರ ಕೂತ ಕಿಟಕಿ ಅಲ್ಲಿಂದ ನಾಲ್ಕು ಮಾರು. ಒಳಗಿನ ಮಾತು ಒಂದೂ ಬಿಡದೆ ನನಗೆ ಕೇಳಿಸುತ್ತಿತ್ತು. ಹೆಸರು, ತಂದೆಯ ಹೆಸರು, ಊರು ಎಲ್ಲ ಕೇಳಿದ ಮೇಲೆ ಅವನು, "ಹುಟ್ಟಿದ್ದೆಲ್ಲಿ?" ಎಂದ.

"ಸೊಲ್ಲಾಪುರದಾಗ್ರಿ, ಸಾಹೇಬ್ರ. ನಮ್ಮವ್ವನ ತವರಮನ್ಯಾಗ" ಎಂದ ನನ್ನ ಗಂಡ.

ನಮ್ಮ ಕಡೆ ಚೊಚ್ಚಲ ಹೆರಿಗೆ ತವರಲ್ಲೇ ಆಗಬೇಕು. ಇದು ಎಲ್ಲರಿಗೂ ಗೊತ್ತಿದ್ದ ಮಾತು, ಹೇಳುವ ಅಗತ್ಯವೂ ಇಲ್ಲದ ಮಾತು. ನನ್ನ ಅತ್ತೆ ಬೇರೆ ಯಾರೂ ಅಲ್ಲ, ನನ್ನ ಅಪ್ಪನ ಅಕ್ಕ. ಸೊಲ್ಲಾಪುರದ ನಮ್ಮ ಮನೆಯಿಂದ ಭಾಲ್ಕಿಗೆ ಬಂದವಳು. ಚೊಚ್ಚಲಿಗೆ ತಮ್ಮನ ಮನೆಗೆ ಹೋಗಿ, ನಮ್ಮ ದೇವರ ಮನೆಯ ಪಕ್ಕದ ಕತ್ತಲ ಖೋಲಿಯಲ್ಲಿ ಈ ಮಗನನ್ನು ಹಡೆದು, ತೊಟ್ಟಿಲ ಸಮೇತ ಭಾಲ್ಕಿಗೆ ಮರಳಿದ್ದಳು. ಆಮೇಲೆ ಆ ಮಗನಿಗೇ ನನ್ನನ್ನು ತಂದುಕೊಂಡಳು. ನನ್ನ ಅವ್ವ ಭಾತಂಬ್ರಾದವಳು, ಭಾಲ್ಕಿಯ ಪಕ್ಕದ ಊರು. ಹಾಗಾಗಿ ನನ್ನ ಹಿರಿಯಣ್ಣ ಹುಟ್ಟಿದ್ದು ಭಾತಂಬ್ರಾದಲ್ಲಿ. ಸರಹದ್ದಿನ ಎರಡೂ ಕಡೆ ಹೆಣ್ಣು ಕೊಟ್ಟು ತಂದ ಮನೆಗಳಲ್ಲಿ ಚೊಚ್ಚಲ ಮಕ್ಕಳು ಹುಟ್ಟುವುದೇ ಹೀಗೆ. ಸೊಲ್ಲಾಪುರ ಇಂಗ್ಲಿಷರದು, ಭಾಲ್ಕಿ ನಿಜಾಮರದು ಎಂದು ನೋವು ಬಂದ ಹೆಂಗಸು ಲೆಕ್ಕ ಹಾಕುತ್ತ ಕೂಡುತ್ತಾಳೆಯೇ?

ಪೇಶ್ಕಾರ ಎಲೆಅಡಿಕೆ ಉಗುಳಿ, "ಹಂಗಾದ್ರ ನೀ ಗೈರ್‌ಮುಲ್ಕಿ. ಚಲೋ, ಮುಂದಿನಾಂವ ಯಾರು?" ಎಂದ.

"ಸಾಹೇಬ್ರ, ನಮ್ಮ ಹಿರ್ಯಾರೆಲ್ಲಾ ಭಾಲ್ಕ್ಯಾಗೇ ಮಣ್ಣಾಗ್ಯಾರ್ರಿ. ಹೊಲ ಅಲ್ಲೇ ಅದ, ಮನಿ ಅಲ್ಲೇ ಅದ."

"ಮಣ್ಣಾಗಿದ್ದು ನಿನಗ ಯಾರು ಕೇಳ್ಯಾರ? ಹುಟ್ಟಿದ್ದು ಕೇಳೀನಿ." ಆಮೇಲೆ ಭಿಕ್ಷೆ ಹಾಕಿದವನಂತೆ, "ನಿಮ್ಮೂರ ಪಾಟೀಲ ಬಂದು, ಇಂವ ನಮ್ಮಂವ ಅಂತ ನನ್ನ ಮುಂದ ಹೇಳ್ಲಿ. ನೋಡೂಣು" ಎಂದ.

ಈ ಪೇಶ್ಕಾರನ ಲೆಕ್ಕ ಕೇಳಿ. ಸೊಲ್ಲಾಪುರದಲ್ಲಿ ಬಟ್ಟೆ ಅಂಗಡಿ ಇಟ್ಟುಕೊಂಡು, ನಿಜಾಮರಿಗೆ ಒಂದು ಹಿಡಿ ಜೋಳವನ್ನೂ ಕೊಡದ ನನ್ನ ಅಣ್ಣ ಭಾತಂಬ್ರಾದಲ್ಲಿ ಹುಟ್ಟಿದ್ದಕ್ಕೆ ಮುಲ್ಕಿ. ಭಾಲ್ಕಿಯ ಕರಿಮಣ್ಣು ಉತ್ತು, ಸಾಹೇಬರ ಹುಕ್ಕಾ ಹೊತ್ತ ನನ್ನ ಗಂಡ ಪರದೇಶಿ.

ವಾಪಸು ಬರುವಾಗ ಗಾಡಿಯಲ್ಲಿ ನಾನು ಕೇಳಿದೆ, "ಭಾಲ್ಕಿ ಅಂತ ಒಂದು ಮಾತು ಅಂದಿದ್ರ ನಿಮ್ಮ ಗಂಟೇನು ಹೋಗ್ತಿತ್ರಿ?"

"ಸುಳ್ಳ ಹ್ಯಾಂಗ ಹೇಳ್ಲಿ? ನಾ ಮಾಸ್ತರ ಆಗಾಂವ ಇದ್ದೆ" ಎಂದ.

ಇಂಥವರನ್ನು ಕಟ್ಟಿಕೊಂಡು ಬಾಳುವುದೆಂದರೆ ಏನು ಎಂಬುದು ಕಟ್ಟಿಕೊಂಡವರಿಗೇ ಗೊತ್ತು.

ಮರುದಿನ ಅತ್ತೆ ಸೆರಗು ಹೊದ್ದುಕೊಂಡು ಪಾಟೀಲರ ಕಟ್ಟೆಗೆ ಹೋದಳು. ನಾನು ಹಿಂದೆ ನಿಂತಿದ್ದೆ. ಪಾಟೀಲರು ಎಂದರೆ ಊರ ತುಂಬ ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಎಂದು ಬದುಕಿದ ಮಹಾನುಭಾವರು. ಯಾರ ಮನೆಯ ಗಾಡಿ ಯಾವ ದೌರೆಗೆ ಹೋಗಬೇಕು ಎಂದು ತಳವಾರನಿಗೆ ಹೇಳುತ್ತಿದ್ದವರೂ ಅವರೇ. ಅತ್ತೆ ಹೇಳಿದ್ದನ್ನೆಲ್ಲ ಕೇಳಿಸಿಕೊಂಡು ಅವರು ಮೀಸೆ ಸವರುತ್ತ ಹೇಳಿದರು, "ನಿಮ್ಮ ಮನಿ ಗಾಡಿ ನನಗ ಗೊತ್ತದ, ಅವ್ವಾ. ನಿನ್ನ ಮಗ ಎಲ್ಲಿ ಹುಟ್ಯಾನ ಅನ್ನೂದು ನಾ ನೋಡೀನೇನು? ಸರಕಾರದ ಮುಂದ ನೋಡ್ಲಾರದ್ದು ಹ್ಯಾಂಗ ಹೇಳ್ಲಿ?"

"ಸೊಲ್ಲಾಪುರದಿಂದ ನಾ ಕೂಸಿನ ತೊಟ್ಟಿಲ ತಂದಾಗ ನಿಮ್ಮ ಮನ್ಯಾಗೇ ಆರತಿ ಮಾಡಿದ್ರಲ್ಲರಿ, ಪಾಟೀಲ್ರ!"

"ಆರತಿ ಬ್ಯಾರೆ, ಕಚೇರಿ ಬ್ಯಾರೆ."

ಕಟ್ಟೆಯ ಮೇಲೆ ಕೂತಿದ್ದ ಉಳಿದ ಹಿರಿಯರು ಗುಂಪಿನಲ್ಲಿ ಗೋವಿಂದ ಎಂಬಂತೆ ತಲೆಯಾಡಿಸಿದರು. ಅವರಲ್ಲಿ ಅರ್ಧ ಜನರ ಹಿರಿಯ ಮಕ್ಕಳು ಹುಟ್ಟಿದ್ದು ಅಕ್ಕಲಕೋಟೆಯಲ್ಲೋ ಬಾರ್ಶಿಯಲ್ಲೋ ಸೊಲ್ಲಾಪುರದಲ್ಲೋ. ಇಂದು ಇವಳ ಮಗನಿಗೆ ಬಂದದ್ದು ನಾಳೆ ನನ್ನ ಮಗನಿಗೆ ಬರುತ್ತದೆ ಎಂದು ಒಬ್ಬನ ತಲೆಗಾದರೂ ಹೊಳೆಯಬೇಕೇ! ತಲೆ ಇದ್ದದ್ದು ಪಟಗ ಸುತ್ತಲಿಕ್ಕೆ.

ಔರಾದದ ಕೆಲಸ ಬೇರೆಯವನ ಪಾಲಾಯಿತು. ದೂರದ ಯಾವುದೋ ಸೀಮೆಯಿಂದ ಬೀದರಕ್ಕೆ ವರ್ಗವಾಗಿ ಬಂದ ಅಧಿಕಾರಿಯ ಮಗ. ಅವನ ತಾಯಿ ಇಲ್ಲಿರುವಾಗಲೇ ಹಡೆದಿದ್ದಳು, ಹಾಗಾಗಿ ಅವನು ಹುಟ್ಟಿನಿಂದಲೇ ಮುಲ್ಕಿ. ಅವನಿಗೆ ಕನ್ನಡದ ಅ ಆ ಬರುತ್ತಿರಲಿಲ್ಲ. ನನ್ನ ಗಂಡ ಆ ಸುದ್ದಿ ಕೇಳಿ, "ಹೋಗ್ಲಿ ಬಿಡು, ಅವರಿಗೂ ಹೊಟ್ಟಿ ಅದ" ಎಂದು ಎದ್ದು ಎತ್ತಿಗೆ ನೀರು ಕುಡಿಸಲು ಹೋದ. ರಾತ್ರಿ ಉಣ್ಣಲಿಲ್ಲ. ಕಟ್ಟೆಯ ಮೇಲೆ ಹರವಿದ್ದ ಮರಳನ್ನು ಬುಟ್ಟಿಗೆ ತುಂಬಿ ಹಿತ್ತಲಲ್ಲಿ ಸುರಿದ. ಹುಡುಗರು ಬಂದರೆ ಇವತ್ತು ಇಲ್ಲ ಎಂದು ಕಳಿಸುತ್ತಿದ್ದ. ಆತ ಬಾಯಿಬಿಟ್ಟು ಅತ್ತಿದ್ದರೆ ನನಗೆ ಇಷ್ಟು ಸಿಟ್ಟು ಬರುತ್ತಿರಲಿಲ್ಲ.

ಅದೇ ವರ್ಷ ನಾನು ಬಸುರಿಯಾದೆ.

ಏಳರಲ್ಲಿ ಸೀಮಂತದ ಕುಬಸ ಮಾಡಿ, ಬಸುರಿಯನ್ನು ಗಾಡಿಯಲ್ಲಿ ಕೂಡಿಸಿಕೊಂಡು ತವರಿಗೆ ಒಯ್ಯುವುದು ಪದ್ಧತಿ. ಸೊಲ್ಲಾಪುರದಿಂದ ನಮ್ಮವ್ವ ಎರಡು ಗಾಡಿ ಕಟ್ಟಿಕೊಂಡು ಬಂದಳು. ರೈಲು ಇನ್ನೂ ನಮ್ಮ ಕಡೆ ಬಂದಿರಲಿಲ್ಲ. ಆ ದಾರಿಯೆಲ್ಲ ಧೂಳು ಕುಡಿದು ಬಂದಿದ್ದಳು. ಹಸಿರು ಇಳಕಲ್ ಸೀರೆ, ಹಸಿರು ಬಳೆ, ಐದು ತರದ ಉಂಡಿ, ನಾನು ಕೂತು ಹೋಗಲು ಗಾಡಿಯಲ್ಲಿ ಹೊಸ ಕೌದಿ. ಎಲ್ಲ ನೋಡಿ ನಾನು ಹೇಳಿದೆ, "ಅವ್ವಾ, ನಾ ಬರಂಗಿಲ್ಲ. ಇಲ್ಲೇ ಹಡೀತೇನಿ."

ಅತ್ತೆ ಕೈಯಲ್ಲಿದ್ದ ಆರತಿ ತಟ್ಟೆ ಕೆಳಗಿಟ್ಟಳು. ಇಬ್ಬರು ಮುದುಕಿಯರೂ ನನ್ನ ಮುಖವನ್ನು ದೆವ್ವ ಹೊಕ್ಕವಳನ್ನು ನೋಡುವಂತೆ ನೋಡಿದರು. ಎರಡು ಮನೆಗಳ ನಡುವೆ ಎಂದೂ ಯಾವ ಸೊಸೆಯೂ ಆಡದ ಮಾತು ಅದು.

"ಯಾಕ? ನಾ ನಿನಗ ಏನ ಕಡಿಮಿ ಮಾಡೀನಿ?" ಎಂದಳು ಅವ್ವ.

"ನೀ ಏನೂ ಕಡಿಮಿ ಮಾಡಿಲ್ಲ. ನಿನ್ನ ಮನಿ ಸರಹದ್ದಿನ ಆಚಿ ಕಡಿ ಅದ. ಅಲ್ಲಿ ಹುಟ್ಟಿದ ಕೂಸಿಗೆ ನಾಳೆ ಇಲ್ಲಿ ಯಾರೂ ನಮ್ಮದು ಅನ್ನಂಗಿಲ್ಲ. ಇವರ ಗತಿ ನೋಡಿಲ್ಲೇನು?"

"ತವರಿಗೆ ಎಂಥಾ ಸರಹದ್ದ ಅದ?" ಅವಳಿಗೆ ನಿಜವಾಗಿಯೂ ಅರ್ಥವಾಗಿರಲಿಲ್ಲ. ಅತ್ತೆ ನಡುವೆ ಬಂದು, "ಹುಡುಗಿ, ನಾ ಹಡೆದ ಖೋಲಿ ಅದು. ನನಗೇನು ಹಾಳಾಗಿತ್ತು ಅಲ್ಲಿ? ನಿನ್ನ ಅವ್ವ ಊರಾಗ ಹ್ಯಾಂಗ ಮಾರಿ ತೋರಸ್ಬೇಕು? ಮಗಳಿಗೆ ಬಾಣಂತನ ಮಾಡ್ಲಿಕ್ಕಿ ಇವರಿಗಿ ಗತಿ ಇಲ್ಲ ಅಂತಾರ ಮಂದಿ" ಎಂದಳು. ನಾನು ನನ್ನ ಗಂಡನ ಕಡೆ ನೋಡಿದೆ. ಆತ ಗೋಡೆಯ ಕಡೆ ನೋಡಿದ.

ನಾನು ಸೋಲಲಿಲ್ಲ. ನನ್ನ ಮಗು ಪ್ರಜೆಯಾಗಿ ಹುಟ್ಟಬೇಕು, ಯಾವ ಪೇಶ್ಕಾರನ ಕಿಟಕಿಯ ಮುಂದೂ ಕೈಕಟ್ಟಿ ಮಾತು ನುಂಗಬಾರದು, ಅಷ್ಟೇ ನನ್ನ ಹಟ. ಮರುದಿನ ಬೆಳಗ್ಗೆ ಅವ್ವ ತಂದದ್ದನ್ನೆಲ್ಲ ಪಡಸಾಲೆಯಲ್ಲಿ ಇಳಿಸಿ, ಹೊಸ ಕೌದಿಯನ್ನೂ ಇಳಿಸಿ, ಖಾಲಿ ಗಾಡಿಯಲ್ಲಿ ಹೊರಟಳು. ಓಣಿಯ ಹೆಂಗಸರೆಲ್ಲ ಬಾಗಿಲಲ್ಲಿ ನಿಂತು ನೋಡಿದರು. ಅವಳು ಒಂದು ಸಲವೂ ತಿರುಗಿ ನೋಡಲಿಲ್ಲ. ಆ ದಿನ ನನಗಾದ ಸಂಕಟ ಹೆರಿಗೆಯ ನೋವಿನಲ್ಲೂ ಆಗಲಿಲ್ಲ. ಎಲೆಅಡಿಕೆ ಅಗಿಯುವ ಒಬ್ಬ ಗುಮಾಸ್ತನ ಸಲುವಾಗಿ ನಾನು ಹೆತ್ತ ತಾಯಿಯನ್ನು ನಾಲ್ಕು ಜನರ ಮುಂದೆ ತಲೆತಗ್ಗಿಸುವಂತೆ ಮಾಡಿ ಕಳಿಸಿದ್ದೆ. ಅವನಿಗೆ ಇದು ಗೊತ್ತೂ ಇರಲಿಲ್ಲ. ಗೊತ್ತಾಗಿದ್ದರೂ ಉಗುಳಿ ಮುಂದಿನವನನ್ನು ಕರೆಯುತ್ತಿದ್ದ.

ದಿನ ತುಂಬುವ ಹೊತ್ತಿಗೆ ಮತ್ತೆ ದೌರಾ ಬಂತು. ಬೀದರದ ಸಾಹೇಬ ಭಾಲ್ಕಿಯ ಮೇಲೆ ಹಾದು ಔರಾದಕ್ಕೆ ಹೊರಟಿದ್ದ. ಊರಲ್ಲಿದ್ದ ಗಾಡಿಗಳನ್ನೆಲ್ಲ ತಳವಾರ ಹೂಡಿಸಿದ. "ನನ್ನ ಮನಿ ಹೆಣ್ಮಗಳು ತುಂಬಿದ ಬಸುರಿ ಅದಾಳ, ಇದೊಂದು ಸಲ ಬಿಡ್ರಿ" ಎಂದು ನನ್ನ ಗಂಡ ಪಾಟೀಲರಿಗೆ ಹೇಳಿದನಂತೆ. ಪಾಟೀಲರು, "ಹಡಿಯಾಕಿ ಅಕಿ, ನೀನೇನು ಹಡಿಯಾಂವ? ಹೋಗು" ಎಂದರಂತೆ. ಕಟ್ಟೆಯ ಹಿರಿಯರು ಇದಕ್ಕೆ ಚೆನ್ನಾಗಿ ನಕ್ಕರಂತೆ. ಆತ ಹೋದ.

ಎರಡನೆಯ ದಿನ ಮಧ್ಯಾಹ್ನ ನನಗೆ ನೋವು ಶುರುವಾಯಿತು. ಸೂಲಗಿತ್ತಿ ಹಲಬರ್ಗಾಕ್ಕೆ ಮಗಳ ಮನೆಗೆ ಹೋಗಿದ್ದಳು. ಕರೆತರಲು ಊರಲ್ಲಿ ಒಂದು ಗಾಡಿಯೂ ಉಳಿದಿರಲಿಲ್ಲ. ಅತ್ತೆ ಬಾಗಿಲಿಗೂ ಒಳಕ್ಕೂ ಓಡಾಡಿ, ಕೊನೆಗೆ ಸೆರಗು ನಡುವಿಗೆ ಕಟ್ಟಿ, "ಯಾರೂ ಬರಂಗಿಲ್ಲ, ನಾನೇ ಅದೀನಿ. ಹೆದರಬ್ಯಾಡ" ಎಂದಳು. ಹೆದರಿದವಳು ಅವಳೇ. ಹೆದರುತ್ತಲೇ ಎಲ್ಲ ಮಾಡಿದಳು. ಆ ಮನೆಯಲ್ಲಿ ನಾನು ಗೌರವಿಸಿದ ಪ್ರಾಣಿ ಅವಳೊಬ್ಬಳೇ. ಹೊತ್ತು ಇಳಿಯುವುದರೊಳಗೆ ಮಗು ಹುಟ್ಟಿತು. ಹೆಣ್ಣು. ಗಟ್ಟಿ ದನಿಯಲ್ಲಿ ಕೂಗಿತು. ಅತ್ತೆ ಅದರ ಹಣೆಗೆ ವಿಭೂತಿ ಹಚ್ಚಿ ನನ್ನ ಪಕ್ಕದಲ್ಲಿ ಮಲಗಿಸಿದಳು. ನಾನು ಮೊದಲು ಹೇಳಿದ್ದು ಒಂದೇ ಮಾತು. "ಅತ್ತಿ, ಇಕಿ ಭಾಲ್ಕಿನಾಕಿ."

ಮಠದ ಸ್ವಾಮಿಗಳು ಬಂದು ಕೂಸಿಗೆ ಲಿಂಗ ಕಟ್ಟಿ ಹೋದರು. ಗಂಡೋ ಹೆಣ್ಣೋ, ಸರಹದ್ದಿನ ಯಾವ ಕಡೆಯದೋ ಎಂದು ಅವರು ಕೇಳಲಿಲ್ಲ.

ನನ್ನ ಗಂಡ ಔರಾದದಿಂದ ಬಂದಾಗ ಕೂಸು ಕಣ್ಣು ಬಿಟ್ಟು ನೋಡುತ್ತಿತ್ತು. ಆತ ಅದನ್ನು ಎತ್ತಿಕೊಂಡು ಒಂದು ಗಳಿಗೆ ಅತ್ತ. ಆಮೇಲೆ ಮುಖದ ತುಂಬ ನಗು. ಮಗಳು ಹುಟ್ಟಿದ ಖುಷಿ ಅಂದುಕೊಂಡೆ. ಇನ್ನೊಂದೂ ಇತ್ತಂತೆ. ಸಾಹೇಬನ ಡೇರೆ ಔರಾದದ ಆ ಶಾಲೆಯ ಮುಂದೆಯೇ ಬಿದ್ದಿತ್ತು. ಗಾಡಿಯವರು ಡೇರೆ ಏಳುವ ತನಕ ಅಲ್ಲೇ ಬಿದ್ದಿರಬೇಕು. ಹೊಸ ಮಾಸ್ತರನಿಗೆ ಚಿಕ್ಕ ಮಕ್ಕಳು ಆಡುವ ಮಾತು ತಿಳಿಯದು, ಮಕ್ಕಳಿಗೆ ಅವನ ಮಾತು ತಿಳಿಯದು. ನನ್ನ ಗಂಡನಿಗೆ ಅಕ್ಷರ ಬರುತ್ತದೆಂದು ಯಾರೋ ಹೇಳಿದ್ದಾರೆ. ಮಾಸ್ತರ ಇವನನ್ನು ಕರೆದು, ಹೇಗೂ ಖಾಲಿ ಕೂತಿದ್ದೀಯಲ್ಲ, ಈ ಹುಡುಗರನ್ನು ನೋಡಿಕೋ ಎಂದು ಹೇಳಿ, ತಾನು ಹೋಗಿ ಮಲಗಿದನಂತೆ. ಡೇರೆ ನಿಂತಷ್ಟು ದಿನವೂ ನನ್ನ ಗಂಡ ಅಲ್ಲಿ ಪಾಠ ಹೇಳಿದ್ದ.

"ಹುಡುಗ್ರು ಭಾಳ ಚುರುಕ ಅದಾವ" ಎಂದ. "ಒಂದಕ್ಕ ಒತ್ತಕ್ಷರ ಬರ್ತಿದ್ದಿಲ್ಲ, ಬರೋ ಮುಂದ ಕಲ್ಸಿ ಬಂದೀನಿ."

ನನಗೆ ಮೈಯೆಲ್ಲ ಉರಿಯಿತು. "ಪಗಾರ ಕೊಟ್ಟು ಕಲಸ್ಲಿಕ್ಕಿ ನೀವು ಪರದೇಶಿ. ಬೇಗಾರದಾಗ ಕಲಸ್ಲಿಕ್ಕಿ ನೀವು ಮನಿಯವ್ರು. ನಾಚಿಕಿ ಬರಂಗಿಲ್ಲೇನ್ರಿ ನಿಮಗ?" ಎಂದೆ.

ಆತ ಕೂಸನ್ನು ನನ್ನ ಮಡಿಲಲ್ಲಿಟ್ಟು, "ಹುಡುಗ್ರದೇನು ತಪ್ಪ ಅದ?" ಎಂದ. ಹುಡುಗರದು ತಪ್ಪಿರಲಿಲ್ಲ, ನಿಜ. ನನ್ನ ಸಿಟ್ಟು ಮಾತ್ರ ಇಂದಿಗೂ ಅಷ್ಟೇ ಉಳಿದಿದೆ.

ಸಾಹೇಬ ಔರಾದದವರ ಗಾಡಿಗಳಲ್ಲಿ ಸುತ್ತಲಿನ ಊರು ತಿರುಗಿ ವಾಪಸು ಬರುವಾಗ ಭಾಲ್ಕಿಯ ಹೊರಗೆ ಮಾವಿನ ತೋಪಿನಲ್ಲಿ ಡೇರೆ ಹಾಕಿದ. ಜೊತೆಗೆ ಅದೇ ಪೇಶ್ಕಾರ ಬಂದಿದ್ದಾನೆಂದು ಗೊತ್ತಾದಾಗ ನಾನು ಕೂಸಿನ ಕಿವಿಗೆ ಕುಲಾವಿ ಕಟ್ಟಿ, ನನ್ನ ತಲೆಗೂ ಬಟ್ಟೆ ಬಿಗಿದು ಎದ್ದೆ. ಬಾಣಂತಿ ಹೊಸ್ತಿಲು ದಾಟುವ ಕಾಲ ಇನ್ನೂ ಆಗಿರಲಿಲ್ಲ. ಅತ್ತೆ ಅಡ್ಡ ನಿಂತಳು. ನಾನು ಅವಳನ್ನು ಬಳಸಿ ಹೊರಬಿದ್ದೆ. ನನ್ನ ಗಂಡ ಹಿಂದಿನಿಂದ, "ಬ್ಯಾಡ, ಬ್ಯಾಡ" ಎನ್ನುತ್ತ ಬಂದ. ಓಣಿಯಲ್ಲಿ ಒಂದು ಬಾಗಿಲೂ ಮುಚ್ಚಿರಲಿಲ್ಲ.

ಪೇಶ್ಕಾರ ಡೇರೆಯ ಮುಂದೆ ನೆರಳಲ್ಲಿ ಮಂಚದ ಮೇಲೆ ಕಾಲು ಚಾಚಿದ್ದ. ಪಕ್ಕದಲ್ಲಿ ಪಾಟೀಲರು ಕೈಮುಗಿದು ನಿಂತಿದ್ದರು. ಕಚೇರಿಗೆ ಬರಲಾರದ ಕಾಲುಗಳು ಡೇರೆಗೆ ಬೇಗ ಬಂದಿದ್ದವು. ನನ್ನ ಹಿಂದಿದ್ದ ಗಂಡನನ್ನು ನೋಡಿ ಪೇಶ್ಕಾರ ಗುರುತು ಹಿಡಿದ. "ಓಹೋ, ಸೊಲ್ಲಾಪುರದಾಂವ! ಮತ್ತೇನು?"

"ಅವರದಲ್ಲರಿ, ಈ ಕೂಸಿಂದು" ಎಂದೆ ನಾನು. "ಇಕಿ ಭಾಲ್ಕ್ಯಾಗ ಹುಟ್ಯಾಳ. ನಮ್ಮ ಮನ್ಯಾಗ, ಹಗಲೊತ್ತಿನ್ಯಾಗ, ಓಣಿ ಮಂದಿಯೆಲ್ಲ ಕೇಳೋಹಂಗ ಅತ್ತಾಳ. ಪಾಟೀಲ್ರೂ ಇಲ್ಲೇ ಅದಾರ. ಇಕಿ ಮುಲ್ಕಿ ಅಂತ ಈಗೇ ಬರಕೊಳ್ರಿ."

ಅವನು ಕೂಸಿನ ಕಡೆ ಬಗ್ಗಿ ನೋಡಿದ. "ಗಂಡೋ, ಹೆಣ್ಣೋ?"

"ಹೆಣ್ರಿ."

ಅವನು ಜೋರಾಗಿ ನಕ್ಕ. ಅವನು ನಕ್ಕ ಮೇಲೆ ಪಾಟೀಲರೂ ನಕ್ಕರು. "ಹೆಣ್ಣಿಗೆ ಎಂಥಾ ಮುಲ್ಕ? ಗಂಡನ ಮುಲ್ಕೇ ಅಕಿ ಮುಲ್ಕ. ನಾಳೆ ಸೊಲ್ಲಾಪುರಕ್ಕ ಕೊಟ್ರ ಸೊಲ್ಲಾಪುರದಾಕಿ, ಪುಣೆಕ್ಕ ಕೊಟ್ರ ಪುಣೆದಾಕಿ. ಎಲ್ಲಿ ಹುಟ್ಟಿದ್ರೇನು? ಸುಮ್ಮನ ಮನಿಗಿ ಹೋಗಿ ಬೆಚ್ಚಗ ಮಲ್ಕೊ." ಆಮೇಲೆ ನಾನು ಅಲ್ಲಿ ಇಲ್ಲವೇ ಇಲ್ಲವೆಂಬಂತೆ ನನ್ನ ಗಂಡನಿಗೆ, "ನಾಳೆ ಮುಂಜಾನೆ ಗಾಡಿ ತಗೊಂಡು ಬಾ. ಡೇರೆ ಬೀದರಕ್ಕ ಹೋಗ್ಬೇಕು" ಎಂದ.

ನನ್ನ ಗಂಡ, "ಹೂಂರಿ" ಎಂದ.

ನಮ್ಮವ್ವನ ಖಾಲಿ ಗಾಡಿ ನನ್ನ ಕಣ್ಣ ಮುಂದೆ ಬಂತು. ಸೆರಗು ನಡುವಿಗೆ ಕಟ್ಟಿ ನಿಂತ ಅತ್ತೆ ಬಂದಳು. "ಹೂಂ ಅನ್ನಬ್ಯಾಡ್ರಿ ನೀವು" ಎಂದು ಗಂಡನಿಗೆ ಹೇಳಿ ಪೇಶ್ಕಾರನ ಮುಂದೆ ಇನ್ನೊಂದು ಹೆಜ್ಜೆ ಇಟ್ಟೆ. "ಇವರು ನಿಮ್ಮ ಮುಲ್ಕಿನವ್ರು ಅಲ್ಲಲ್ರಿ, ಸಾಹೇಬ್ರ. ನೀವೇ ಹೇಳೀರಿ, ಪಾಟೀಲ್ರೂ ನನಗ ಗೊತ್ತಿಲ್ಲ ಅಂದಾರ. ಪರಮುಲ್ಕಿನ ಮನಷ್ಯಾನ ಕೈಲೆ ನಿಜಾಮರ ಬೇಗಾರ ಹ್ಯಾಂಗ ಮಾಡಸ್ತೀರಿ? ಇವರು ಬರಂಗಿಲ್ಲ. ಬೇಕಾದ್ರ ಇಂಗ್ಲಿಷರಿಗೆ ಕೇಳಿ ಕಳಸ್ರಿ."

ಅಗಿಯುತ್ತಿದ್ದ ಅವನ ಬಾಯಿ ನಿಂತಿತು. ಪಾಟೀಲರು ನೆಲ ನೋಡಿದರು. ಅಡಿಗೆಯವನೊಬ್ಬ ಕಿಸಕ್ಕನೆ ನಕ್ಕು ಡೇರೆಯ ಹಿಂದೆ ಸರಿದ. ಉತ್ತರಕ್ಕೆ ಕಾಯದೆ ನಾನು ತಿರುಗಿ ನಡೆದೆ. ದಾರಿಯುದ್ದಕ್ಕೂ ಕಾಲು ನೆಲದ ಮೇಲೆ ಇರಲಿಲ್ಲ. ಜನ್ಮದಲ್ಲಿ ಮೊದಲ ಸಲ ಒಬ್ಬ ಸಾಹೇಬನ ಮನುಷ್ಯನ ಬಾಯಿ ಮುಚ್ಚಿಸಿದ್ದೆ. ಮನೆಗೆ ಬಂದು ಅತ್ತೆಗೆ ಎಲ್ಲ ಹೇಳಿದೆ. ಅವಳು ಮೊದಲು ಬೈದಳು, ಆಮೇಲೆ ಬಾಯಿಗೆ ಸೆರಗು ಹಿಡಿದು ನಕ್ಕಳು. ನನ್ನ ಗಂಡ ಮಾತ್ರ ನಗಲಿಲ್ಲ, ಕೊಟ್ಟಿಗೆಯಲ್ಲಿ ಎತ್ತಿನ ಮೈ ತಿಕ್ಕುತ್ತ ಕೂತಿದ್ದ.

ಮರುದಿನ ಬೆಳಕು ಹರಿಯುತ್ತಲೇ ತಳವಾರ ಬಂದ. ನಾನೇ ಬಾಗಿಲಿಗೆ ಹೋದೆ. "ಯಜಮಾನ್ರು ಬರಂಗಿಲ್ಲ ಅಂತ ನಿನ್ನೆ ಹೇಳಿ ಬಂದೀನಲ್ಲ" ಎಂದೆ.

"ಹೌದ್ರಿ ಅವ್ವಾರ. ಯಜಮಾನ್ರು ಬರೂದು ಬ್ಯಾಡಂತರಿ. ಅವರು ಗೈರ್‌ಮುಲ್ಕಿ ಅದಾರಂತ, ಪೇಶ್ಕಾರ ಸಾಹೇಬ್ರೇ ಹೇಳ್ಯಾರ." ಅವನು ನಗುತ್ತಿರಲಿಲ್ಲ, ಕೊಟ್ಟ ಮಾತನ್ನು ಹಾಗೆಯೇ ಒಪ್ಪಿಸುತ್ತಿದ್ದ. "ಎತ್ತು ಒಯ್ಯಿ ಅಂದಾರರಿ. ಎತ್ತು ನಿಮ್ಮ ಕೊಟ್ಟಿಗ್ಯಾಗೇ ಹುಟ್ಯಾವಂತ. ಗಾಡಿನೂ ಇದೇ ಊರ ಬಡಿಗ್ಯಾ ಮಾಡ್ಯಾನಂತ. ಅವು ಮುಲ್ಕಿ ಅದಾವಂತರಿ. ಪಾಟೀಲ್ರು ಸಾಕ್ಷಿ ಹೇಳ್ಯಾರ."

ತಳವಾರ ಒಳಗೆ ಹೋಗಿ ಕಣ್ಣಿ ಬಿಚ್ಚಿ, ಎತ್ತುಗಳನ್ನು ಹೂಡಿಕೊಂಡು, ಬಾರಕೋಲು ಝಳಪಿಸುತ್ತ ಹೊರಟ. ಅಪರಿಚಿತ ಕೈ ಎಂದು ಎಡಗಡೆಯ ಎತ್ತು ಓಣಿಯ ತಿರುವಿನಲ್ಲಿ ತಲೆ ಒದರಿ ನಿಂತಿತು. ಅವನು ಒಂದು ಬಾರಿಸಿದ. ಪೆಟ್ಟಿನ ಸಪ್ಪಳ ಮನೆಯೊಳಕ್ಕೆ ಕೇಳಿಸಿತು.

ನನ್ನ ಗಂಡ ಒಳಗಿಂದ ಓಡಿ ಬಂದ. ಪಟಗವನ್ನು ಅರ್ಧ ಸುತ್ತಿದ್ದ, ಕಾಲಿಗೆ ಕೆರ ಇರಲಿಲ್ಲ. "ಹೊಡೀಬ್ಯಾಡೋ, ಅದಕ್ಕ ಮಾತಿಲೆ ಹೇಳಿದ್ರ ತಿಳೀತದ" ಎನ್ನುತ್ತ ಗಾಡಿಯ ಹಿಂದೆ ಹೋದ. ನಾನು ಕೂಸನ್ನು ಎದೆಗವಚಿಕೊಂಡು ಬಾಗಿಲಲ್ಲಿ ನಿಂತು ಕೂಗಿದೆ. ಆತ ತಿರುಗಿ, ಈಗ ಬರುತ್ತೇನೆ ಎಂಬಂತೆ ಕೈ ಮಾಡಿದ. ಈಗ ಬರುವ ದಾರಿ ಅಲ್ಲ ಅದು. ಪೇಶ್ಕಾರನ ಮಾತು ನಿಜವಾಯಿತು, ಬೇಗಾರಕ್ಕೆ ಆತನನ್ನು ಯಾರೂ ಕರೆಯಲಿಲ್ಲ. ಹುಟ್ಟಿನಿಂದ ಮುಲ್ಕಿಗಳಾದ ಎರಡು ಎತ್ತುಗಳ ಹಿಂದೆ ನನ್ನ ಗಂಡ ಬೀದರದ ತನಕ ನಡೆದೇ ಹೋದ.